ಸಾತ್‌ಬಾರಾದಲ್ಲಿ ಬಿಟ್ಟುಹೋದ ಮೂರು ಅಕ್ಷರ: ಒಂದು ಪ್ರಕರಣ ಅಧ್ಯಯನ

ಇಲ್ಲಿ ಬರುವ ಹೆಸರು ನಿಜವಾದದ್ದಲ್ಲ. ಊರು, ತಾಲ್ಲೂಕು, ಗಟ್ ನಂಬರುಗಳನ್ನು (ಇಲ್ಲಿಯ ಸರ್ವೆ ನಂಬರು) ಬೇಕೆಂದೇ ಬಿಟ್ಟಿದ್ದೇನೆ. ಗುರುತು ಸಿಗಬಾರದೆಂದು ಒಂದೆರಡು ವಿವರಗಳನ್ನೂ ಬದಲಿಸಿದ್ದೇನೆ. ಜಮೀನು ಪುಣೆ ಜಿಲ್ಲೆಯಲ್ಲಿದೆ, ಅದನ್ನು ಉಳುವ ಮನೆತನ ಕನ್ನಡ ಮಾತಾಡುವುದು ಎಂದು ತಿಳಿದರೆ ಸಾಕು. ಹೊಲ ನಮ್ಮದೇ, ಬೆಳೆ ನಮ್ಮದೇ, ಆದರೂ ಸಹಾಯಧನದ ಅರ್ಜಿ ಮಾತ್ರ ಹಿಂದಕ್ಕೆ ಬರುತ್ತಿದೆ ಎನ್ನುವವರು ಪುಣೆಯ ಸುತ್ತ ಬಹಳ ಮಂದಿ ಇದ್ದಾರೆ. ಅವರಿಗಾಗಿ ಇದನ್ನು ಬರೆಯುತ್ತಿದ್ದೇನೆ.

ಹಿನ್ನೆಲೆ

ಬ್ಯಾಂಕಿನ ಕೃಷಿ ಸಾಲದ ಮೇಜಿನಲ್ಲಿ ವರ್ಷಗಟ್ಟಲೆ ಕುಳಿತು ನಿವೃತ್ತನಾದವನು ನಾನು. ಮನೆ ಹಡಪಸರದಲ್ಲಿದೆ. ಭಾನುವಾರ ಬೆಳಿಗ್ಗೆ ನಮ್ಮವರು ಕಾಗದಪತ್ರ ಹಿಡಿದು ಬರುತ್ತಾರೆ. ಓದಿ ಹೇಳುತ್ತೇನೆ, ಅರ್ಜಿ ಬರೆದುಕೊಡುತ್ತೇನೆ. 2021ರ ಸೆಪ್ಟೆಂಬರಿನಲ್ಲಿ ಹಾಗೆ ಬಂದವರು ಶಾಂತವ್ವ. ಆಗ ಅವರಿಗೆ ಅರವತ್ತರ ಹತ್ತಿರ. ಪ್ಲಾಸ್ಟಿಕ್ ಚೀಲದೊಳಗೆ ಒಂದು ಬಟ್ಟೆಯ ಗಂಟು, ಗಂಟಿನೊಳಗೆ ಮೋಟಾರಿನ ಕರೆಂಟು ಬಿಲ್ಲುಗಳು, ಹಾಲಿನ ಡೇರಿಯ ಚೀಟಿಗಳು, ಸೀತಾಫಲ ಮಾರಿದ ಅಡತಿಯ ಪಟ್ಟಿಗಳು. ಎಲ್ಲವನ್ನೂ ವರ್ಷವಾರು ದಾರದಿಂದ ಕಟ್ಟಿದ್ದರು.

ಅವರ ಗಂಡ ಮತ್ತು ಭಾವ, ಅಣ್ಣತಮ್ಮಂದಿರಿಬ್ಬರೇ, 1972ರ ಬರದಲ್ಲಿ ಇಂಡಿ ಕಡೆಯಿಂದ ಪುಣೆಗೆ ಬಂದವರು. ಕಲ್ಲು ಒಡೆದರು, ಕಟ್ಟಡದ ಕೆಲಸ ಮಾಡಿದರು, ಎಮ್ಮೆ ಕಟ್ಟಿದರು. 1986ರಲ್ಲಿ ಇಬ್ಬರೂ ಹಣ ಕೂಡಿಸಿ 1 ಹೆಕ್ಟೇರ್ 20 ಆರ್, ಅಂದರೆ ಸುಮಾರು ಮೂರು ಎಕರೆ ಕೊಂಡರು. ಮಹಾರಾಷ್ಟ್ರದಲ್ಲಿ ರೈತನಲ್ಲದವನು ಬೇಸಾಯದ ಜಮೀನು ಕೊಳ್ಳುವುದಕ್ಕೆ 1948ರ ಗೇಣಿ ಕಾಯ್ದೆಯ 63ನೇ ಕಲಂ ಅಡ್ಡ ಬರುತ್ತದೆ. ಆದ್ದರಿಂದ ಊರಿನಲ್ಲಿ ತಂದೆಯ ಹೆಸರಿನಲ್ಲಿದ್ದ ಹೊಲದ ಪಹಣಿ ತರಿಸಿ ಖರೀದಿಖತಕ್ಕೆ ಜೋಡಿಸಿದ್ದರು. ಈ ಸಣ್ಣ ಸಂಗತಿ ಮೂವತ್ತೇಳು ವರ್ಷಗಳ ನಂತರ ದೊಡ್ಡದಾಯಿತು.

ಖರೀದಿ ಅಣ್ಣನ ಹೆಸರಿನಲ್ಲಾಯಿತು. ಹಿರಿಯನ ಹೆಸರಿದ್ದರೆ ಸಾಕು ಎನ್ನುವ ಕಾಲ ಅದು. ತೊಂಬತ್ತರ ದಶಕದಲ್ಲಿ ಬಾಯಿಮಾತಿನಲ್ಲೇ ಹೊಲ ಹಂಚಿಕೊಂಡರು: ಮೇಲಿನ ಅರ್ಧ ಅಣ್ಣನಿಗೆ, ಬಾವಿ ಇರುವ ಕೆಳಗಿನ ಅರ್ಧ ತಮ್ಮನಿಗೆ, ಬಾವಿಯ ನೀರು ಪಾಳಿಯ ಮೇಲೆ. ಶಾಂತವ್ವನ ಗಂಡ 2014ರಲ್ಲಿ ತೀರಿಕೊಂಡರು, ಭಾವ 2018ರಲ್ಲಿ. ಮರುವರ್ಷ ಭಾವನ ಹೆಂಡತಿ ಮತ್ತು ಇಬ್ಬರು ಗಂಡುಮಕ್ಕಳ ಹೆಸರು ವಾರಸದಾರರೆಂದು ಸಾತ್‌ಬಾರಾಕ್ಕೆ, ಅಂದರೆ ಇಲ್ಲಿಯ ಪಹಣಿಗೆ, ಏರಿತು. ಇಡೀ ಮೂರು ಎಕರೆಗೆ.

ಸಮಸ್ಯೆ

ಶಾಂತವ್ವನಿಗೆ ಬೇಕಾದದ್ದು ಹನಿ ನೀರಾವರಿ. ಬೇಸಿಗೆಯಲ್ಲಿ ಬಾವಿ ತಳ ಕಾಣುತ್ತಿತ್ತು. ಕಾಲುವೆಯಲ್ಲಿ ನೀರು ಬಿಟ್ಟರೆ ಅರ್ಧ ತೋಟ ಮುಟ್ಟುವಷ್ಟರಲ್ಲಿ ಮೋಟಾರು ಗಾಳಿ ಎಳೆಯುತ್ತಿತ್ತು. ಹನಿ ನೀರಾವರಿಗೆ ಕೇಂದ್ರದ ಯೋಜನೆಯಲ್ಲಿ ಸಣ್ಣ ಮತ್ತು ಅತಿ ಸಣ್ಣ ರೈತರಿಗೆ 55 ಶೇಕಡಾ ಸಿಗುತ್ತದೆ, ಮಹಾರಾಷ್ಟ್ರ ಸರ್ಕಾರ ಅದರ ಮೇಲೆ 25 ಸೇರಿಸಿ 80 ಮಾಡುತ್ತದೆ. ಈ 80 ಅಂಗಡಿಯ ಬಿಲ್ಲಿನ ಮೇಲಲ್ಲ, ಯೋಜನೆ ಗೊತ್ತುಮಾಡಿದ ಘಟಕ ವೆಚ್ಚದ ಮೇಲೆ. ಅರ್ಜಿಯನ್ನು ಮಹಾಡಿಬಿಟಿ ಎಂಬ ಸರ್ಕಾರಿ ಜಾಲತಾಣದಲ್ಲಿ ಹಾಕಬೇಕು. ಆಗ ಅದಕ್ಕೆ ಅರ್ಜಿದಾರರ ಹೆಸರಿರುವ ಸಾತ್‌ಬಾರಾ ಮತ್ತು 8ಅ ಉತಾರೆ ಬೇಕಾಗಿತ್ತು.

ಕರ್ನಾಟಕದ ಓದುಗರಿಗೆ ಒಂದು ಮಾತು. ಸಾತ್‌ಬಾರಾ ಎಂದರೆ ಎರಡು ನಮೂನೆಗಳ ಜೋಡಿ: 7ನೆಯದರಲ್ಲಿ ಜಮೀನು ಯಾರದು, ಯಾರಿಗೆ ಯಾವ ಹಕ್ಕು ಎಂಬುದು, 12ನೆಯದರಲ್ಲಿ ಬೆಳೆ. 8ಅ ಎಂದರೆ ಒಬ್ಬ ಖಾತೆದಾರನ ಹೆಸರಿನಲ್ಲಿ ಆ ಊರಿನಲ್ಲಿರುವ ಒಟ್ಟು ಜಮೀನಿನ ಪಟ್ಟಿ. ನಮ್ಮ ಪಹಣಿಯ ಕೆಲಸವನ್ನು ಇಲ್ಲಿ ಸಾತ್‌ಬಾರಾ ಮಾಡುತ್ತದೆ. ನಾವು ಮ್ಯುಟೇಶನ್ ಎನ್ನುವುದು ಇಲ್ಲಿ ಫೇರ್‌ಫಾರ್, ಪೌತಿ ಎನ್ನುವುದು ವಾರಸ ನೋಂದು.

ಮೊದಲ ತಪ್ಪು ನಡೆದದ್ದು ಪಹಣಿ ಎಂಬ ಈ ಪದದಲ್ಲೇ. ಆ ವರ್ಷ ಆಗಸ್ಟ್ 15ಕ್ಕೆ ಮಹಾರಾಷ್ಟ್ರದಲ್ಲಿ ಇ-ಪೀಕ್ ಪಾಹಣಿ ಶುರುವಾಗಿತ್ತು: ರೈತನೇ ಹೊಲಕ್ಕೆ ಹೋಗಿ ಮೊಬೈಲಿನಲ್ಲಿ ಬೆಳೆಯ ಫೋಟೊ ತೆಗೆದು ದಾಖಲಿಸುವುದು. ಮರಾಠಿಯಲ್ಲಿ ಪಾಹಣಿ ಎಂದರೆ ತಪಾಸಣೆ. ಯಾರೋ “ಪೀಕ್ ಪಾಹಣಿ ಮಾಡಿಸಿರಿ” ಎಂದದ್ದನ್ನು ಶಾಂತವ್ವ, ಪಹಣಿ ಮಾಡಿಸಿದರೆ ಹೊಲ ತನ್ನ ಹೆಸರಿಗೆ ಆಗುತ್ತದೆ ಎಂದು ಅರ್ಥಮಾಡಿಕೊಂಡರು. ಭಾವನ ಹಿರಿಯ ಮಗನ ಕೈಯಲ್ಲಿ ಮೊಬೈಲು ಕೊಟ್ಟು “ನನ್ನದೂ ಮಾಡಪ್ಪಾ” ಎಂದರು. ಆ ಆ್ಯಪ್ ತೋರಿಸುವುದು ಖಾತೆದಾರರ ಹೆಸರುಗಳನ್ನು ಮಾತ್ರ. ಅವನು ತನ್ನ ಖಾತೆಯಲ್ಲಿ ಇಡೀ ಗಟ್ಟಿನ ಸೀತಾಫಲವನ್ನು ದಾಖಲಿಸಿದ. ಶಾಂತವ್ವ ಸ್ವಂತ ಕೈಯಿಂದ ನೀರು ಹಾಯಿಸಿದ ಗಿಡಗಳು ಆ ವರ್ಷದಿಂದ ಸರ್ಕಾರಿ ಲೆಕ್ಕದಲ್ಲಿ ಅವನ ಗಿಡಗಳಾದವು. ಹುಡುಗ ಕೆಟ್ಟ ಮನಸ್ಸಿನಿಂದ ಮಾಡಿದ್ದಲ್ಲ, ಆ್ಯಪ್ ಕೇಳಿದ್ದನ್ನು ತುಂಬಿದ ಅಷ್ಟೇ. ಆದರೆ ಕಾಗದಕ್ಕೆ ಮನಸ್ಸು ಕಾಣುವುದಿಲ್ಲ.

ಮಾಡಿನೋಡಿದ್ದು

ನಾನು ಕೊಟ್ಟ ಮೊದಲ ಸಲಹೆಯೂ ತಪ್ಪಾಗಿತ್ತು, ಅದನ್ನು ಇಲ್ಲಿ ಹೇಳಲೇಬೇಕು. ಸ್ವಾಧೀನ ಇದೆಯಲ್ಲ, ಅದನ್ನು ಸಾಬೀತು ಮಾಡಿದರೆ ಸಾಕು ಎಂದುಕೊಂಡೆ. ನೋಟರಿಯ ಮುಂದೆ ಪ್ರಮಾಣಪತ್ರ, ನೆರೆಯ ನಾಲ್ಕು ಜನ ರೈತರ ಸಹಿ ಇರುವ ಪಂಚನಾಮೆ, ಕರೆಂಟು ಬಿಲ್ಲು, ಭಾವನ ಮಕ್ಕಳ ಒಪ್ಪಿಗೆ ಪತ್ರ, ಇಷ್ಟನ್ನೂ ಸೇರಿಸಿ ಕೃಷಿ ಸಹಾಯಕರ ಹತ್ತಿರ ಕಳುಹಿಸಿದೆ. ಅವರು ಸಮಾಧಾನದಿಂದಲೇ ಹಿಂದಿರುಗಿಸಿದರು. ಒಪ್ಪಿಗೆ ಪತ್ರ ನಡೆಯುವುದು ಒಂದೇ ಖಾತೆಯ ಪಾಲುದಾರರ ನಡುವೆ. ಸಾತ್‌ಬಾರಾದಲ್ಲೇ ಇಲ್ಲದವರಿಗೆ ಉಳಿದವರು ಒಪ್ಪಿಗೆ ಕೊಟ್ಟರೆ ಪ್ರಯೋಜನವಿಲ್ಲ. ಒಂದು ಹಂಗಾಮು ಹಾಗೇ ಹೋಯಿತು.

2022ರ ಬೇಸಿಗೆಯಲ್ಲಿ ಭಾವನ ಹಿರಿಯ ಮಗ ತಾನೇ ಒಂದು ದಾರಿ ತಂದ. ಅರ್ಜಿ ತುಂಬುವ ಕೇಂದ್ರವೊಂದರಲ್ಲಿ ಯಾರೋ ಹೇಳಿಕೊಟ್ಟಿದ್ದರು: ಏಳು ವರ್ಷದ ಗುತ್ತಿಗೆ ಕರಾರು ಮಾಡಿ ನೋಂದಣಿ ಮಾಡಿಸಿದರೆ ಗುತ್ತಿಗೆದಾರಳೆಂದು ಕಾಕುವಿಗೂ (ಚಿಕ್ಕಮ್ಮನಿಗೂ) ಹನಿ ನೀರಾವರಿಯ ಸಹಾಯಧನ ಸಿಗುತ್ತದೆ. ಮಾತು ಪೂರಾ ಸುಳ್ಳಲ್ಲ, ದೀರ್ಘ ಗುತ್ತಿಗೆಯ ರೈತರಿಗೆ ಆ ಯೋಜನೆಯಲ್ಲಿ ಅವಕಾಶ ಇದೆ. ಕರಡನ್ನೂ ತಂದಿದ್ದ.

ಆ ಭಾನುವಾರ ನನಗೆ ಚೆನ್ನಾಗಿ ನೆನಪಿದೆ. ಕರಡು ಮರಾಠಿಯಲ್ಲಿತ್ತು, ನಾನು ಸಾಲು ಸಾಲಾಗಿ ಕನ್ನಡದಲ್ಲಿ ಹೇಳುತ್ತಾ ಹೋದೆ. ಮೂರನೆಯ ಕಲಮಿಗೆ ಬಂದಾಗ ನಿಧಾನ ಮಾಡಿದೆ: “ಸದರಿ ಜಮೀನು ಬರೆದುಕೊಡುವವರ ಪೂರ್ಣ ಮಾಲಕಿಯದಾಗಿದ್ದು, ಬರೆಸಿಕೊಳ್ಳುವವರಿಗೆ ಅದರಲ್ಲಿ ಯಾವುದೇ ಹಕ್ಕು, ಹಿತ, ಸಂಬಂಧ ಇರುವುದಿಲ್ಲ.” ಶಾಂತವ್ವ ಇನ್ನೊಮ್ಮೆ ಓದಿ ಎಂದರು. ಓದಿದೆ. ಮಡಿಲಲ್ಲಿದ್ದ ಬಿಲ್ಲುಗಳ ಕಟ್ಟಿನ ದಾರವನ್ನು ಬಿಚ್ಚಿ ಮತ್ತೆ ಕಟ್ಟಿದರು.

“ಅಣ್ಣಾ, ಇದಕ್ಕೆ ಸಹಿ ಹಾಕಿದರೆ ನಮ್ಮ ಮನೆಯವರು ತೋಡಿದ ಬಾವಿಗೆ ನಾನು ಬಾಡಿಗೆಯವಳಾಗುತ್ತೇನೆ, ಅಲ್ಲವೇ?”

“ಹೌದು ಅವ್ವಾ, ಕಾಗದದಲ್ಲಿ ಹಾಗೇ ಆಗುತ್ತದೆ.”

“ಹಾಗಾದರೆ ಪೈಪು ಬೇಡ.”

ಇಡೀ ಪ್ರಕರಣ ತಿರುಗಿದ್ದು ಇಲ್ಲಿ, ಅದನ್ನು ತಿರುಗಿಸಿದವರೂ ಅವರೇ. ಕಾನೂನೂ ಅವರ ಮಾತಿನ ಪರವಾಗಿಯೇ ಇತ್ತು. ಗೇಣಿದಾರನಾಗಿ ಜಮೀನಿಗೆ ಇಳಿದವನು ಆ ಗೇಣಿ ಇರುವವರೆಗೆ ಒಡೆಯನ ಮಾಲೀಕತ್ವವನ್ನು ಅಲ್ಲಗಳೆಯುವಂತಿಲ್ಲ ಎಂದು 1872ರ ಸಾಕ್ಷ್ಯ ಅಧಿನಿಯಮದ 116ನೇ ಕಲಂ ಹೇಳುತ್ತಿತ್ತು. ಎಂಬತ್ತು ಶೇಕಡಾ ಪೈಪಿಗಾಗಿ ಅರ್ಧ ಹೊಲದ ಹಕ್ಕನ್ನು ತಾವೇ ಇಲ್ಲವೆಂದು ಬರೆದುಕೊಟ್ಟಂತೆ ಆಗುತ್ತಿತ್ತು. ಭಾವನ ಮಗನಿಗೂ ಅದರಿಂದ ನೆಮ್ಮದಿ ಇರುತ್ತಿರಲಿಲ್ಲ. ಗೇಣಿಯ ಕಾಗದ ಕೊಟ್ಟರೆ ಮುಂದೆ ಕುಳ ಕಾಯ್ದೆ (ಗೇಣಿ ಕಾಯ್ದೆ) ಹಿಡಿದು ಬರುತ್ತಾರೆ ಎಂಬ ಭಯ ಮಹಾರಾಷ್ಟ್ರದ ಪ್ರತಿ ಹೊಲದ ಒಡೆಯನಿಗೂ ಇದೆ.

ಇನ್ನೊಬ್ಬರು ಹನ್ನೆರಡು ವರ್ಷದ ಮಾತು ಹೇಳಿದರು: ಇಷ್ಟು ವರ್ಷ ಉಳುಮೆ ಮಾಡಿದ್ದೀರಿ, ಪ್ರತಿಕೂಲ ಸ್ವಾಧೀನದ ದಾವೆ ಹೂಡಿ ಎಂದು. ಅದರಲ್ಲೂ ಇದೇ ದೋಷ. ಪ್ರತಿಕೂಲ ಸ್ವಾಧೀನ ಎಂದರೆ ಹೊಲ ಬೇರೆಯವರದು, ನಾನು ಅವರಿಗೆ ವಿರೋಧವಾಗಿ ಹಿಡಿದುಕೊಂಡಿದ್ದೇನೆ ಎಂದು ಹೇಳುವುದು. ಒಂದೇ ಕುಟುಂಬದ ಪಾಲುದಾರರ ನಡುವೆ ಅದನ್ನು ಸಾಬೀತು ಮಾಡುವುದೂ ಬಹಳ ಕಷ್ಟ. ಶಾಂತವ್ವ ಯಾರ ಹೊಲವನ್ನೂ ಹಿಡಿದುಕೊಂಡವರಲ್ಲ.

ಹೀಗೆ ಎರಡು ದಾರಿ ಮುಚ್ಚಿದ ಮೇಲೆ ನಾನು ಕೇಳಬೇಕಾಗಿದ್ದ ಮೊದಲ ಪ್ರಶ್ನೆಯನ್ನು ಕೊನೆಗೆ ಕೇಳಿದೆ: ಈ ಹೊಲ ಮೊದಲ ಸಲ ದಾಖಲೆಗೆ ಬಂದಾಗ ಹೇಗೆ ಬಂತು? ಕಂಪ್ಯೂಟರಿನಲ್ಲಿ ಸಿಗುವ ಸಾತ್‌ಬಾರಾ ಇವತ್ತಿನ ಸ್ಥಿತಿ ಹೇಳುತ್ತದೆ, ಹೊಲದ ಕಥೆ ಇರುವುದು ಫೇರ್‌ಫಾರ್ ನೋಂದುಗಳಲ್ಲಿ. ಸಾತ್‌ಬಾರಾದ ಹೆಸರುಗಳ ಪಕ್ಕದಲ್ಲಿ ಕಂಸದೊಳಗೆ ಇರುವ ಅಂಕಿಗಳೇ ಆ ನೋಂದುಗಳ ಸಂಖ್ಯೆ. ಅವುಗಳನ್ನು ಒಂದೊಂದಾಗಿ ಹಿಂದಕ್ಕೆ ಹಿಡಿದು ಹೋದೆವು. ಅರ್ಜಿ ಕೊಟ್ಟು, ಶುಲ್ಕ ಕಟ್ಟಿ, ಕೈಬರಹದ ಹಳೆಯ ಸಾತ್‌ಬಾರಾ, 1986ರ ಫೇರ್‌ಫಾರ್ ನಕಲು, ಉಪನೋಂದಣಿ ಕಚೇರಿಯಿಂದ ಖರೀದಿಖತದ ದೃಢೀಕೃತ ಪ್ರತಿ ತೆಗೆಸಿದೆವು. ಮೂರೂ ಕೈಸೇರಲು ಡಿಸೆಂಬರ್ ಆಯಿತು.

ಹಳೆಯ ಸಾತ್‌ಬಾರಾದ ಹಾಳೆ ಅಂಚಿನಲ್ಲಿ ಪುಡಿಯಾಗುವಂತಿದ್ದದ್ದು ನಕಲಿನಲ್ಲೂ ಕಾಣುತ್ತಿತ್ತು. ಭಾವನ ಹೆಸರಿನ ಮುಂದೆ ಬೇರೆ ಶಾಯಿಯಲ್ಲಲ್ಲ, ಅದೇ ಕೈಯಲ್ಲಿ, ಅದೇ ಸಾಲಿನಲ್ಲಿ ಮೂರು ಅಕ್ಷರ: ಏ.ಕು.ಮ್ಯಾ. ಏಕತ್ರ ಕುಟುಂಬ ಮ್ಯಾನೇಜರ್. ಅಂದರೆ ಈ ಹೆಸರಿನವರು ಒಬ್ಬಂಟಿ ಮಾಲೀಕರಲ್ಲ, ಕೂಡು ಕುಟುಂಬದ ಪರವಾಗಿ ನಿಂತವರು. ಕೈಬರಹದ ದಾಖಲೆಯನ್ನು ಕಂಪ್ಯೂಟರಿಗೆ ಏರಿಸುವಾಗ ಆ ಮೂರು ಅಕ್ಷರ ಬಿಟ್ಟುಹೋಗಿದ್ದವು. ಅದರಿಂದಲೇ 2019ರ ವಾರಸ ನೋಂದಿನಲ್ಲಿ ಇಡೀ ಜಮೀನು ಒಂದೇ ಶಾಖೆಗೆ ಇಳಿದಿತ್ತು. ಖರೀದಿಖತಕ್ಕೆ ಜೋಡಿಸಿದ್ದ ಇಂಡಿ ಕಡೆಯ ಪಹಣಿ ತಂದೆಯ ಹೆಸರಿನಲ್ಲಿದ್ದುದು ಆ ಮೂರು ಅಕ್ಷರಕ್ಕೆ ಆಧಾರವಾಯಿತು. ಮತ್ತೊಂದು ಆಧಾರ 12ನೇ ನಮೂನೆಯಲ್ಲಿ ಸಿಕ್ಕಿತು. ಹಳೆಯ ಕೈಬರಹದ ನಮೂನೆಯ ಕೊನೆಯ ಕಡೆ ಜಮೀನು ಮಾಡುವವನ ಹೆಸರಿಗೆ ಒಂದು ಅಂಕಣ ಇರುತ್ತಿತ್ತು. 1991ರಿಂದ ನಾಲ್ಕು ವರ್ಷ ಅಲ್ಲಿ ಶಾಂತವ್ವನ ಗಂಡನ ಹೆಸರಿತ್ತು.

“ಇವರ ಹೆಸರು ಇಲ್ಲಿತ್ತೇ?” ಎಂದು ಶಾಂತವ್ವ ಕೇಳಿ, ಓದಲು ಬಾರದಿದ್ದರೂ ಆ ಅಕ್ಷರಗಳ ಮೇಲೆ ಬೆರಳು ಇಟ್ಟುಕೊಂಡೇ ಕುಳಿತಿದ್ದರು.

ಆಕ್ಷೇಪ ಮತ್ತು ಬಾವಿ

2023ರ ಮಾರ್ಚಿನಲ್ಲಿ ತಹಸೀಲ್ದಾರರಿಗೆ ಅರ್ಜಿ ಕೊಟ್ಟೆವು. ಸಹಾಯಧನದ ಮಾತನ್ನು ಅದರಲ್ಲಿ ಎತ್ತಲೇ ಇಲ್ಲ. ಏ.ಕು.ಮ್ಯಾ. ನೋಂದನ್ನು ಪರಿಗಣಿಸಿ ಕುಟುಂಬದ ಎರಡೂ ಶಾಖೆಗಳ ಹೆಸರು ಹಾಕಬೇಕು ಎಂದಷ್ಟೇ ಕೇಳಿದೆವು. ತಲಾಠಿಯ (ಗ್ರಾಮ ಲೆಕ್ಕಿಗರ) ವರದಿ ಹೋಯಿತು, ಎಲ್ಲರಿಗೂ ನೋಟಿಸು ಬಂತು. ಭಾವನ ಹಿರಿಯ ಮಗ ಲಿಖಿತ ಆಕ್ಷೇಪ ಸಲ್ಲಿಸಿದ.

ಆಗ ನಮ್ಮ ಮುಂದಿದ್ದ ಲೆಕ್ಕ ಹೀಗಿತ್ತು. ಕಂದಾಯ ದಾಖಲೆಯ ನೋಂದು ಬೇರೆಯದು ಸಾಬೀತಾಗುವವರೆಗೆ ಸರಿಯೆಂದೇ ಹಿಡಿಯಬೇಕು ಎನ್ನುತ್ತದೆ 1966ರ ಮಹಾರಾಷ್ಟ್ರ ಭೂಕಂದಾಯ ಸಂಹಿತೆಯ 157ನೇ ಕಲಂ. ಆಕ್ಷೇಪ ಉಳಿದರೆ 2019ರ ನೋಂದಿನ ವಿರುದ್ಧ ಪ್ರಾಂತ ಅಧಿಕಾರಿಯ (ಉಪವಿಭಾಗಾಧಿಕಾರಿಯ) ಮುಂದೆ ಮೇಲ್ಮನವಿ, ಅಲ್ಲಿಂದ ಮೇಲೆ ಇನ್ನೊಂದು, ಕೊನೆಗೆ ದಿವಾಣಿ (ಸಿವಿಲ್) ನ್ಯಾಯಾಲಯ. ನಮ್ಮ ಕಾಗದ ಬಲವಾಗಿತ್ತು, ಗೆಲ್ಲುವ ಹೊತ್ತಿಗೆ ಶಾಂತವ್ವನಿಗೆ ಎಪ್ಪತ್ತಾಗುತ್ತಿತ್ತು. ಭಾವನ ಮಗನನ್ನು ಕರೆದು ಮಾತಾಡೋಣ ಎಂದು ನಾನು ಹೇಳಿದೆ. ಚಾಕಣದ ಕಾರ್ಖಾನೆಯಲ್ಲಿ ಕೆಲಸ ಮಾಡುವ ಅವರ ಸ್ವಂತ ಮಗ ಒಪ್ಪಲಿಲ್ಲ, ಕೋರ್ಟಿಗೇ ಹೋಗೋಣ ಎಂದ. ತಾಯಿ ಅವನನ್ನು ಸುಮ್ಮನಾಗಿಸಿದರು.

ಮಾತುಕತೆ ನಡೆದದ್ದು ಬಾವಿಯ ಕಟ್ಟೆಯ ಮೇಲೆ. ಮೊದಲರ್ಧ ಗಂಟೆ ಹಳೆಯ ಕಾಗದಗಳದ್ದೇ ಚರ್ಚೆ, ಏನೂ ಮುಂದುವರಿಯಲಿಲ್ಲ. ಆಮೇಲೆ ಭಾವನ ಮಗನ ಬಾಯಿಯಿಂದ ನಿಜವಾದ ಭಯ ಹೊರಬಿತ್ತು. “ಕಾಕು, ನಿಮ್ಮ ಹೆಸರು ಬಂತೆಂದರೆ ನಾಳೆ ನಿಮ್ಮ ಮಗ ಕೆಳಗಿನ ಹೊಲ ಮಾರಿಬಿಡುತ್ತಾನೆ. ಬಾವಿ ಬೇರೆಯವರ ಪಾಲಾಗುತ್ತದೆ. ನಮ್ಮ ಗಿಡ ಒಣಗಬೇಕೇನು?” ಹೆಸರು ಅವರ ಕಡೆ, ನೀರು ಇವರ ಕಡೆ. ಮೋಟಾರಿನ ಕರೆಂಟು ಸಂಪರ್ಕವೂ ಶಾಂತವ್ವನ ಗಂಡನ ಹೆಸರಿನಲ್ಲೇ ಇತ್ತು. ಎರಡು ವರ್ಷ ನಾವು ಹಕ್ಕಿನ ಜಗಳ ಎಂದುಕೊಂಡಿದ್ದದ್ದು ಅವನಿಗೆ ನೀರಿನ ಜಗಳವಾಗಿತ್ತು.

ಭಾವನ ಹೆಂಡತಿ ಅಲ್ಲಿಯವರೆಗೆ ಮಾತೇ ಆಡಿರಲಿಲ್ಲ. ಓರಗಿತ್ತಿಯ ಪಕ್ಕಕ್ಕೆ ಬಂದು ಕುಳಿತು, “ಈ ಬಾವಿಯ ಮಣ್ಣನ್ನು ನಾವಿಬ್ಬರೂ ತಲೆಯ ಮೇಲೆ ಹೊತ್ತಿದ್ದೇವೆ” ಎಂದರು, ಮಗನ ಕಡೆ ನೋಡಲಿಲ್ಲ. ಬಾವಿಯಲ್ಲಿ ಎರಡೂ ಶಾಖೆಗಳಿಗೆ ಸಮಪಾಲು, ಪಾಳಿ ಈಗಿರುವಂತೆಯೇ, ಅದನ್ನು ಸಾತ್‌ಬಾರಾದ ಇತರ ಹಕ್ಕುಗಳ ಅಂಕಣದಲ್ಲಿ ಬರೆಸುವುದು ಎಂದು ತೀರ್ಮಾನವಾಯಿತು. ಮುಂದಿನ ವಿಚಾರಣೆಯಲ್ಲಿ ಆಕ್ಷೇಪ ಹಿಂದಕ್ಕೆ ಪಡೆದು ಎಲ್ಲರೂ ಒಂದೇ ಜವಾಬು ಕೊಟ್ಟರು. ಸೆಪ್ಟೆಂಬರಿನಲ್ಲಿ ಆದೇಶ ಬಂತು.

ಹೆಸರು ಬರೆಸುವಾಗ

ಆದೇಶ ಬಂದ ಮೇಲೆ ಗಂಡನ ಪಾಲಿಗೆ ವಾರಸ ನೋಂದು ಮಾಡಿಸಬೇಕಾಗಿತ್ತು. ಇಲ್ಲಿ ಎರಡು ಕಡೆ ಕಾಲು ಜಾರುವುದಿತ್ತು.

ಒಂದು, ಮಗಳು. ಸೊಲ್ಲಾಪುರಕ್ಕೆ ಕೊಟ್ಟ ಮಗಳ ಹೆಸರು ಹಾಕುವುದೇ ಬೇಡ ಎಂದು ನೆಂಟರು ಹೇಳಿದರು. ವಾರಸದಾರರಲ್ಲಿ ಒಬ್ಬರನ್ನು ಬಿಟ್ಟು ಮಾಡಿದ ನೋಂದು ಮುಂದೆ ಯಾವಾಗ ಬೇಕಾದರೂ ಮುರಿಯುತ್ತದೆ, ಶಾಂತವ್ವನಿಗೆ ಆದದ್ದೇ ಮಗಳಿಗೂ ಆಗುತ್ತದೆ ಎಂದು ನಾನು ಖಂಡಿತವಾಗಿ ಹೇಳಿದೆ. ಮಗಳು ಬಿಟ್ಟುಕೊಡುವುದಿದ್ದರೆ ಅದಕ್ಕೆ ನೋಂದಾಯಿತ ಹಕ್ಕುಬಿಡುಗಡೆ ಪತ್ರ ಇದೆ. ಅವಳು ಬಿಡಲಿಲ್ಲ, ಹೆಸರು ಹಾಕಿಸಿಕೊಂಡಳು. ಸರಿಯಾಗಿಯೇ ಮಾಡಿದಳು.

ಎರಡು, ಹೆಸರಿನ ಕೊನೆ. ಆಧಾರಿನಲ್ಲಿ ಅವರು ಶಾಂತವ್ವ. ತಲಾಠಿಯ ಕರಡಿನಲ್ಲಿ ಶಾಂತಾಬಾಯಿ ಎಂದಿತ್ತು. ನಮ್ಮ ಅವ್ವಂದಿರೆಲ್ಲ ಇಲ್ಲಿಯ ದಾಖಲೆಗಳಲ್ಲಿ ಬಾಯಿ ಆಗುತ್ತಾರೆ; ಬರೆಯುವವರಿಗೆ ಅದು ಗೌರವ. ಆದರೆ ಸಹಾಯಧನ ಆಧಾರ್ ಜೋಡಿಸಿದ ಬ್ಯಾಂಕ್ ಖಾತೆಗೆ ಬರುತ್ತದೆ, ಹೆಸರು ತಾಳೆಯಾಗದಿದ್ದರೆ ಅರ್ಜಿ ಅಲ್ಲೇ ನಿಲ್ಲುತ್ತದೆ. ನೋಂದು ಪ್ರಮಾಣಿತವಾಗುವ ಮೊದಲೇ ಆಧಾರಿನ ಪ್ರತಿ ಕೊಟ್ಟು ಅಕ್ಷರಕ್ಕೆ ಅಕ್ಷರ ಸರಿಮಾಡಿಸಿದೆವು. ಹದಿನೈದು ದಿನದ ನೋಟಿಸು ಮುಗಿದು 2024ರ ಜನವರಿಯಲ್ಲಿ ಮಂಡಲ ಅಧಿಕಾರಿಯ ಸಹಿ ಬಿತ್ತು.

ಉಳಿದದ್ದು ಬೇಗ ಆಯಿತು. ಫೆಬ್ರವರಿಯಲ್ಲಿ ಮಹಾಡಿಬಿಟಿ ಅರ್ಜಿ, ಜೊತೆಗೆ ಪಾಲುದಾರರ ಒಪ್ಪಿಗೆ ಪತ್ರ. ಎರಡು ವರ್ಷದ ಹಿಂದೆ ಬೆಲೆಯಿಲ್ಲದ ಅದೇ ಒಪ್ಪಿಗೆ ಪತ್ರ ಈಗ ನಡೆಯಿತು. ಜೂನಿನ ಸೋಡತಿಯಲ್ಲಿ, ಅಂದರೆ ಲಾಟರಿಯಲ್ಲಿ, ಹೆಸರು ಬಂತು. ಅಂಗಡಿಯವರು ಅವತ್ತೇ ಪೈಪು ಇಳಿಸುತ್ತೇವೆ ಎಂದರು. ಪೂರ್ವಸಮ್ಮತಿ ಬರುವ ಮೊದಲು ಕೊಂಡರೆ ಸಹಾಯಧನ ಹೋಗುತ್ತದೆ ಎಂದು ತಡೆದೆ. ಪೂರ್ವಸಮ್ಮತಿ ಜುಲೈಯಲ್ಲಿ ಬಂತು, ಆಗಸ್ಟಿನಲ್ಲಿ ಪೈಪು ಹಾಕಿದರು, ಸ್ಥಳ ತಪಾಸಣೆ ಮುಗಿದು ದೀಪಾವಳಿಯ ಹೊತ್ತಿಗೆ ಹಣ ಖಾತೆಗೆ ಬಂತು.

ಈಗ ನಾನು ಮಾಡುವ ಬದಲಾವಣೆ

ಈ ಪ್ರಕರಣದ ನಂತರ ಯಾರೇ ಬಂದರೂ ನಾನು ಸ್ವಾಧೀನದ ಪುರಾವೆಯನ್ನು ಮೊದಲು ಕೇಳುವುದಿಲ್ಲ. ನೀವು ಈ ಹೊಲಕ್ಕೆ ಏನಾಗಬೇಕು ಎಂದು ಕೇಳುತ್ತೇನೆ: ವಾರಸದಾರರೇ, ಪಾಲುದಾರರೇ, ಗೇಣಿದಾರರೇ? ಸಹಾಯಧನಕ್ಕೆ ಕೊಡುವ ಪ್ರತಿ ಕಾಗದವೂ ಈ ಪ್ರಶ್ನೆಗೆ ಒಂದು ಉತ್ತರ ಬರೆದುಕೊಟ್ಟ ಹಾಗೆ, ಮತ್ತು ಆ ಉತ್ತರ ಯೋಜನೆ ಮುಗಿದ ಮೇಲೂ ಉಳಿಯುತ್ತದೆ. ಕರೆಂಟು ಬಿಲ್ಲು, ಡೇರಿಯ ಚೀಟಿ, ಅಡತಿಯ ಪಟ್ಟಿ ಒಂಟಿಯಾಗಿ ಯಾವುದನ್ನೂ ಸಾಬೀತು ಮಾಡಲಿಲ್ಲ, ಆದರೆ ವಿಚಾರಣೆಯಲ್ಲಿ ಹಳೆಯ ಫೇರ್‌ಫಾರಿನ ಪಕ್ಕದಲ್ಲಿ ನಿಂತು ಬಲ ಕೊಟ್ಟವು. ಅವುಗಳನ್ನು ದಾರ ಕಟ್ಟಿ ಇಟ್ಟದ್ದು ವ್ಯರ್ಥವಾಗಲಿಲ್ಲ. 2025ರ ಏಪ್ರಿಲಿನಿಂದ ಮಹಾರಾಷ್ಟ್ರದಲ್ಲಿ ಕೃಷಿ ಯೋಜನೆಗಳಿಗೆ ರೈತ ಗುರುತಿನ ಸಂಖ್ಯೆ ಕಡ್ಡಾಯವಾಗಿದೆ. ಆ ಸಂಖ್ಯೆ ಹುಟ್ಟುವುದು ಸಾತ್‌ಬಾರಾದಿಂದಲೇ. ಹೆಸರಿಲ್ಲದವರ ಅರ್ಜಿ ಈಗ ಹಿಂದಕ್ಕೂ ಬರುವುದಿಲ್ಲ, ಒಳಗೇ ಹೋಗುವುದಿಲ್ಲ. ಆದ್ದರಿಂದ ಅಪ್ಪ, ಅಜ್ಜ, ದೊಡ್ಡಪ್ಪನ ಹೆಸರಿನಲ್ಲಿ ಹೊಲ ಇರುವವರು ಯೋಜನೆ ಬರುವವರೆಗೆ ಕಾಯಬೇಡಿ ಎಂದು ಎಲ್ಲರಿಗೂ ಹೇಳುತ್ತಿದ್ದೇನೆ.

ಶಾಂತವ್ವನ ಕೆಲಸ ಪೂರ್ತಿ ಮುಗಿದಿಲ್ಲ. ಪಿಎಂ-ಕಿಸಾನ್‌ನಲ್ಲಿ 2019ರ ಫೆಬ್ರವರಿ 1ರ ನಂತರ ಹೆಸರಿಗೆ ಬಂದ ಜಮೀನಿಗೆ ಹಣ ಇಲ್ಲ, ವಾರಸದಿಂದ ಬಂದದ್ದಕ್ಕೆ ವಿನಾಯಿತಿ ಇದೆ. ಗಂಡ 2014ರಲ್ಲೇ ತೀರಿಕೊಂಡದ್ದು, ನೋಂದು 2024ರಲ್ಲಿ ಆದದ್ದು, ಎರಡರ ಪ್ರತಿಯನ್ನೂ ಲಗತ್ತಿಸಿದ್ದೇವೆ. ಅರ್ಜಿ ತಾಲ್ಲೂಕು ಮಟ್ಟದಲ್ಲಿದೆ. ಅಳತೆ ಮಾಡಿಸಿ ಪಾಲು ಬೇರೆ ಮಾಡುವುದೂ ಬಾಕಿ ಇದೆ, ಅದನ್ನು ಮಳೆಗಾಲ ಮುಗಿದ ಮೇಲೆ ಎಂದು ಇಟ್ಟುಕೊಂಡಿದ್ದಾರೆ. ಕಳೆದ ಖಾರಿಫ್‌ನಲ್ಲಿ ಇ-ಪೀಕ್ ಪಾಹಣಿಯ ಫೋಟೊವನ್ನು ಅವರ ಖಾತೆಯಲ್ಲೇ ತೆಗೆದರು. ತೆಗೆದುಕೊಟ್ಟವನು ಭಾವನ ಹಿರಿಯ ಮಗ.